5 ಲಕ್ಷದ ಕಾಗದಕ್ಕೆ ಸಹಿ ಹಾಕುವ ಮುನ್ನ

ಪ್ರಶ್ನೆ: ನನ್ನ ಅಣ್ಣ ಗಾರೆ ಕೆಲಸ ಮಾಡುತ್ತಿದ್ದ, 34 ವರ್ಷ. 4 ತಿಂಗಳ ಹಿಂದೆ ಚಿತ್ರದುರ್ಗದ ಬಳಿ ಹೆದ್ದಾರಿಯಲ್ಲಿ ಲಾರಿಯೊಂದು ಹಿಂದಿನಿಂದ ಅವನ ಬೈಕಿಗೆ ಗುದ್ದಿ, ಸ್ಥಳದಲ್ಲೇ ತೀರಿಕೊಂಡ. ಅತ್ತಿಗೆ, ಇಬ್ಬರು ಚಿಕ್ಕ ಮಕ್ಕಳು, ನಮ್ಮ ಅವ್ವ ಅವನ ದುಡಿಮೆಯನ್ನೇ ನಂಬಿದ್ದರು. ವಿಮಾ ಕಂಪನಿಯ ಕಡೆಯವರು ಬಂದು, ‘ಸಹಿ ಹಾಕಿದರೆ 5 ಲಕ್ಷ ಬೇಗ ಬರುತ್ತದೆ. ಸಂಬಳದ ಚೀಟಿ ಇಲ್ಲ, ಕೋರ್ಟಿಗೆ ಹೋದರೂ ಹೆಚ್ಚು ಸಿಗಲ್ಲ’ ಅಂತಿದ್ದಾರೆ. ಲಾರಿ ಡ್ರೈವರನ ಲೈಸೆನ್ಸ್ ಅವಧಿ ಮುಗಿದಿತ್ತಂತೆ. ಏನು ಮಾಡಬೇಕು?
– ರಾಣೆಬೆನ್ನೂರು ತಾಲ್ಲೂಕಿನ ಓದುಗರು

ಉತ್ತರ: ನಿಮ್ಮ ಮನೆಯವರ ದುಃಖ ನನಗೆ ಅರ್ಥವಾಗುತ್ತದೆ. ಆದರೂ ಮೊದಲ ಮಾತು ಇದೇ: ಸದ್ಯ ಯಾರೂ ಯಾವ ಕಾಗದಕ್ಕೂ ಸಹಿ ಹಾಕಬೇಡಿ.

ಅವರು ಹೇಳುತ್ತಿರುವ 5 ಲಕ್ಷ ಸುಳ್ಳಲ್ಲ. ಮೋಟಾರು ವಾಹನ ಕಾಯ್ದೆಯ 164ನೇ ಕಲಮಿನಂತೆ, ತಪ್ಪು ಯಾರದೆಂದು ಸಾಬೀತು ಮಾಡದೆಯೇ ಮೃತರ ಕುಟುಂಬಕ್ಕೆ ಸಿಗುವ ನಿಗದಿತ ಮೊತ್ತ ಅದು. ಅವರು ಹೇಳದೆ ಬಿಟ್ಟ ಮಾತು ಬೇರೆ ಇದೆ. ಆ ಹಣ ಒಪ್ಪಿಕೊಂಡರೆ 166ನೇ ಕಲಮಿನಡಿ ಪೂರ್ಣ ಪರಿಹಾರ ಕೇಳುವ ಅರ್ಜಿ ಅಲ್ಲಿಗೇ ಬಿದ್ದುಹೋಗುತ್ತದೆ. ತಪ್ಪು ಯಾರದೆಂದು ತೋರಿಸಲಾಗದ ಪ್ರಕರಣದಲ್ಲಿ 164 ದೊಡ್ಡ ಆಸರೆ. ಹಿಂದಿನಿಂದ ಲಾರಿ ಗುದ್ದಿರುವ ನಿಮ್ಮಂಥ ಪ್ರಕರಣಕ್ಕೆ ಅದು ತೀರಾ ಕಡಿಮೆ.

ಎಷ್ಟು ಕಡಿಮೆ? ಲೆಕ್ಕ ಹಾಕೋಣ. ಅಣ್ಣನ ದುಡಿಮೆ ತಿಂಗಳಿಗೆ 15,000 ಎಂದು ಅಪಘಾತ ಪರಿಹಾರದ ಅರ್ಜಿ ಕೇಳುವ ನ್ಯಾಯಮಂಡಳಿ ಒಪ್ಪಿತು ಎಂದಿಟ್ಟುಕೊಳ್ಳಿ. 40 ವರ್ಷದೊಳಗಿನ ಸ್ವಂತ ದುಡಿಮೆಗಾರರಿಗೆ ಮುಂದಿನ ಗಳಿಕೆಯ ಲೆಕ್ಕದಲ್ಲಿ ಶೇ 40 ಸೇರಿಸಬೇಕೆಂದು ಸುಪ್ರೀಂ ಕೋರ್ಟ್ 2017ರ ಪ್ರಣಯ್ ಸೇಠಿ ತೀರ್ಪಿನಲ್ಲಿ ಹೇಳಿದೆ. ಅಲ್ಲಿಗೆ 21,000. ಅವಲಂಬಿತರು ನಾಲ್ವರು, ಹಾಗಾಗಿ ಅಣ್ಣನ ಸ್ವಂತ ಖರ್ಚೆಂದು ಕಾಲು ಭಾಗ ಕಳೆದರೆ 15,750, ವರ್ಷಕ್ಕೆ 1,89,000. 31ರಿಂದ 35 ವಯಸ್ಸಿಗೆ ಗುಣಕ (ವರ್ಷದ ಮೊತ್ತವನ್ನು ಎಷ್ಟರಿಂದ ಗುಣಿಸಬೇಕೆಂಬ ಅಂಕಿ) 16, ಇದು 2009ರ ಸರಳಾ ವರ್ಮಾ ತೀರ್ಪಿನ ಪಟ್ಟಿಯಲ್ಲಿದೆ. ಗುಣಿಸಿದರೆ 30,24,000 ರೂಪಾಯಿ. ಗಂಡನನ್ನು, ಅಪ್ಪನನ್ನು, ಮಗನನ್ನು ಕಳೆದುಕೊಂಡ ನಷ್ಟಕ್ಕೆ ನಾಲ್ವರಿಗೂ ಬೇರೆಬೇರೆಯಾಗಿ ಹಣ ಸೇರುತ್ತದೆ. 2017ರಲ್ಲಿ 40,000 ಇದ್ದ ಅದು 3 ವರ್ಷಕ್ಕೊಮ್ಮೆ ಶೇ 10ರಂತೆ ಎರಡು ಸಲ ಏರಿ ತಲಾ 48,400 ಆಗಿದೆ. ಅಂತ್ಯಕ್ರಿಯೆ ಮತ್ತು ಆಸ್ತಿನಷ್ಟದ ಬಾಬ್ತು, ಅರ್ಜಿ ಹಾಕಿದ ದಿನದಿಂದ ಬಡ್ಡಿ ಬೇರೆ. 32 ಲಕ್ಷ ದಾಟುವ ಕಡೆ 5 ಲಕ್ಷಕ್ಕೆ ಸಹಿ ಕೇಳುತ್ತಿದ್ದಾರೆ. ಇದನ್ನು ಬರೆಯುವಾಗ ನನಗೆ ಸಿಟ್ಟೇ ಬರುತ್ತದೆ.

ಸಂಬಳದ ಚೀಟಿ ಇಲ್ಲ ಎಂದು ಹೆದರಬೇಡಿ. ಗಾರೆ ಕೆಲಸದವರಿಗೆ ಅದು ಇರುವುದಿಲ್ಲ ಎಂದು ನ್ಯಾಯಮಂಡಳಿಗೂ ಗೊತ್ತು. ದಾಖಲೆ ಇಲ್ಲದಿದ್ದರೆ ಅಪಘಾತವಾದ ವರ್ಷಕ್ಕೆ ತಕ್ಕಂತೆ ಅಂದಾಜು ಆದಾಯ ಹಿಡಿಯುತ್ತಾರೆ. ಇದಕ್ಕೆ ರಾಜ್ಯ ಕಾನೂನು ಸೇವಾ ಪ್ರಾಧಿಕಾರದ ಪಟ್ಟಿಯನ್ನು ನಮ್ಮ ಹೈಕೋರ್ಟೂ ಬಳಸುತ್ತಾ ಬಂದಿದೆ. ಅದಕ್ಕಿಂತ ಹೆಚ್ಚು ದುಡಿಯುತ್ತಿದ್ದರೆ ಅದನ್ನು ತೋರಿಸುವ ಹೊಣೆ ನಿಮ್ಮದು. ಕಟ್ಟಡ ಕಾರ್ಮಿಕರ ಮಂಡಳಿಯ ಲೇಬರ್ ಕಾರ್ಡ್, ಬ್ಯಾಂಕ್ ಪಾಸ್‌ಬುಕ್, ಮೇಸ್ತ್ರಿ ಫೋನ್‌ಪೇಯಲ್ಲಿ ಕೂಲಿ ಹಾಕಿದ ವಿವರ ಎಲ್ಲವನ್ನೂ ಕೂಡಿಡಿ. ಅಣ್ಣನ ಮೊಬೈಲನ್ನು ರಿಪೇರಿಗೆ ಕೊಡಬೇಡಿ, ಸಿಮ್ ರದ್ದು ಮಾಡಿಸಬೇಡಿ. ಮೇಸ್ತ್ರಿ ಬಂದು ಸಾಕ್ಷಿ ಹೇಳಿದರೆ ಇನ್ನೂ ಒಳ್ಳೆಯದು.

ಲೈಸೆನ್ಸ್ ಅವಧಿ ಮುಗಿದಿದ್ದು ಲಾರಿ ಮಾಲೀಕ ಮತ್ತು ವಿಮಾ ಕಂಪನಿಯ ನಡುವಿನ ಜಗಳ. ಕಂಪನಿ ಮೊದಲು ನಿಮಗೆ ಹಣ ಕೊಟ್ಟು, ಆಮೇಲೆ ಮಾಲೀಕನಿಂದ ವಸೂಲು ಮಾಡಿಕೊಳ್ಳಲಿ. ನಮ್ಮ ಹೈಕೋರ್ಟಿನ ಪೂರ್ಣಪೀಠ 2020ರಲ್ಲಿ ಎತ್ತಿಹಿಡಿದಿದ್ದು ಇದನ್ನೇ.

ಇನ್ನು ಅವಸರದ ವಿಷಯ. ಅಪಘಾತವಾದ 6 ತಿಂಗಳೊಳಗೆ ಅರ್ಜಿ ಹಾಕಬೇಕೆಂಬ ನಿಯಮ 2022ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ಅದು ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನೆಗೊಳಗಾಗಿದೆ, ಆದರೆ ಅದನ್ನು ನಂಬಿ ಕೂರಬೇಡಿ. ನಿಮಗೆ ಉಳಿದಿರುವುದು 2 ತಿಂಗಳು. ಚಿತ್ರದುರ್ಗಕ್ಕೆ ಅಲೆಯಬೇಕಾಗಿಯೂ ಇಲ್ಲ, ನೀವು ವಾಸವಿರುವ ಕಡೆಯ ನ್ಯಾಯಮಂಡಳಿಯಲ್ಲೇ ಅರ್ಜಿ ಹಾಕಬಹುದು. ಎಫ್‌ಐಆರ್, ಪಂಚನಾಮೆ, ಮರಣೋತ್ತರ ಪರೀಕ್ಷೆಯ ವರದಿ, ವಾಹನ ತಪಾಸಣೆ ವರದಿ, ದೋಷಾರೋಪ ಪಟ್ಟಿಯ ನಕಲುಗಳನ್ನು ಠಾಣೆಯಿಂದ ಈ ವಾರವೇ ಪಡೆಯಿರಿ.

ಅರ್ಜಿಯಲ್ಲಿ ಅತ್ತಿಗೆ, ಮಕ್ಕಳು, ಅವ್ವ ನಾಲ್ವರ ಹೆಸರೂ ಇರಲಿ. ಅವ್ವನನ್ನು ಬಿಟ್ಟರೆ ಮುಂದೆ ಮನೆಯಲ್ಲೇ ಬಿರುಕು ಬರುತ್ತದೆ. ಮಕ್ಕಳ ಪಾಲು ಅವರಿಗೆ 18 ತುಂಬುವವರೆಗೆ ಸಾಮಾನ್ಯವಾಗಿ ಬ್ಯಾಂಕಿನಲ್ಲಿ ಠೇವಣಿಯಾಗಿರುತ್ತದೆ. ನೀವು ಅಣ್ಣನನ್ನು ಅವಲಂಬಿಸಿರಲಿಲ್ಲವಾದರೆ ನಿಮಗೆ ಪಾಲು ಸಿಗುವುದು ಕಷ್ಟ, ಇದನ್ನು ಮೊದಲೇ ತಿಳಿದಿರಿ.

ಬಂದ ಹಣದಲ್ಲಿ ಇಷ್ಟು ಶೇಕಡಾ ತನಗೆ ಎಂದು ಕರಾರು ಮಾಡಿಕೊಳ್ಳಲು ವಕೀಲರಿಗೆ ನಿಯಮದ ಅವಕಾಶವಿಲ್ಲ. ಹೆಂಗಸರಿಗೆ, ಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಸಿಗುತ್ತದೆ. ಅತ್ತಿಗೆ ಮತ್ತು ಅವ್ವನನ್ನು ಕರೆದುಕೊಂಡು ರಾಣೆಬೆನ್ನೂರಿನ ಕೋರ್ಟಿಗೆ ಹೋಗಿ, ತಾಲ್ಲೂಕು ಕಾನೂನು ಸೇವಾ ಸಮಿತಿ ಎಲ್ಲಿ ಎಂದು ಕೇಳಿ.