ತೊಂದರೆ ಇಲ್ಲದಿದ್ದರೂ ತಪಾಸಣೆ ಬೇಕಾ?

ನಿಮ್ಮ ತಾಯಿಗೆ 46 ವರ್ಷ, ಗಟ್ಟಿಮುಟ್ಟಾಗಿದ್ದಾರೆ, ಆದರೂ ಆಶಾ ಕಾರ್ಯಕರ್ತೆ ತಪಾಸಣೆಗೆ ಕರೆಯುತ್ತಿದ್ದಾರೆ. ಅದರ ಬದಲು ಲಿಂಗಸುಗೂರಿನಿಂದ ರಾಯಚೂರಿಗೆ ಹೋಗಿ ಫುಲ್ ಬಾಡಿ ಚೆಕಪ್ ಮಾಡಿಸಲಾ ಅಂತ ಕೇಳಿದ್ದೀರಿ.

ಮೊದಲು ಆಶಾ ಹೇಳಿದಲ್ಲಿಗೇ ಹೋಗಿ. ರಾಷ್ಟ್ರೀಯ ಕಾರ್ಯಕ್ರಮದ ಪ್ರಕಾರ 30 ದಾಟಿದ ಎಲ್ಲರಿಗೂ ಬಿಪಿ, ಶುಗರ್ ವರ್ಷಕ್ಕೊಮ್ಮೆ ನೋಡಬೇಕು. ಬಾಯಿ ಕ್ಯಾನ್ಸರ್, ಹೆಂಗಸರಿಗೆ ಸ್ತನ ಮತ್ತು ಗರ್ಭಕಂಠದ (ಗರ್ಭಕೋಶದ ಬಾಯಿಯ) ಕ್ಯಾನ್ಸರ್ ತಪಾಸಣೆ ಐದು ವರ್ಷಕ್ಕೊಮ್ಮೆ. ಸರ್ಕಾರಿ ಆಸ್ಪತ್ರೆಯಲ್ಲಿ ಇದಕ್ಕೆ ದುಡ್ಡು ಕೊಡಬೇಕಾಗಿಲ್ಲ. ಬಿಪಿ 140/90 ಅಥವಾ ಅದಕ್ಕಿಂತ ಜಾಸ್ತಿ ಬಂದರೆ ಡಾಕ್ಟರ ಹತ್ತಿರ ಕಳಿಸುತ್ತಾರೆ.

ನಿಮ್ಮ ತಾಯಿ ಎಲೆಅಡಿಕೆ ಜೊತೆ ತಂಬಾಕು ಹಾಕುತ್ತಾರೆ ಅಂದಿರಲ್ಲ, ಅದೇ ನನಗೆ ಚಿಂತೆ. ಮುಂದೆ ಕ್ಯಾನ್ಸರ್ ಆಗಬಹುದಾದ ಬಿಳಿ ಅಥವಾ ಕೆಂಪು ಮಚ್ಚೆ ಬಾಯಲ್ಲಿ ಬಂದರೂ ಶುರುವಿಗೆ ಸಾಮಾನ್ಯವಾಗಿ ನೋಯೋದಿಲ್ಲ. ಬಾಯೊಳಗೆ ಬೆಳಕು ಹಾಯಿಸಿ ನೋಡಿದರೇನೇ ಗೊತ್ತಾಗೋದು. ದುಡ್ಡಿನ ಪ್ಯಾಕೇಜ್‌ಗಳಲ್ಲಿ ಎಷ್ಟೋ ಸಲ ಬರೀ ರಕ್ತ ಪರೀಕ್ಷೆಯೇ ಇರುತ್ತದೆ, ಬಾಯಿ ತೆರೆಸಿ ನೋಡುವುದಿಲ್ಲ.

ಗರ್ಭಕಂಠದ ತಪಾಸಣೆಗೆ ನಾಚಿಕೊಳ್ಳುತ್ತಾರೆ, ಅಲ್ವಾ? ಅಲ್ಲಿ ಒಂದು ದ್ರಾವಣ ಹಚ್ಚಿ ಬಣ್ಣ ಬದಲಾಗುತ್ತದಾ ಅಂತ ನೋಡುತ್ತಾರೆ, ಕೆಲವೇ ನಿಮಿಷದ ಕೆಲಸ. ಮಹಿಳಾ ಸಿಬ್ಬಂದಿ ಇರುವ ದಿನ ಯಾವುದು ಅಂತ ಆಶಾ ಅವರನ್ನೇ ಕೇಳಿ. ನಿಮ್ಮ ಹೆಂಡತಿಯೋ ಅಕ್ಕನೋ ಜೊತೆಗೆ ಹೋದರೆ ಒಪ್ಪಬಹುದು. ಅವರಿಗೂ 30 ಆಗಿದ್ದರೆ ಅವತ್ತೇ ಮಾಡಿಸಿಕೊಳ್ಳಲಿ.