ಓದುಗರ ಪ್ರಶ್ನೆ: ಪಾರ್ಕಿಗೆ ಹೋದರೂ ತಲೆಭಾರ ಇಳಿಯುತ್ತಿಲ್ಲ

ದಿನಾ ಬೆಳಗ್ಗೆ 7ಕ್ಕೆ ಲಾಲ್‌ಬಾಗ್‌ನಲ್ಲಿ ಮುಕ್ಕಾಲು ಗಂಟೆ ಬಿರುಸಾಗಿ ನಡೆಯುತ್ತೇನೆ, ಕಿವಿಯಲ್ಲಿ ಪಾಡ್‌ಕಾಸ್ಟ್ ಇರುತ್ತೆ. ಮೈ ಹಗುರಾಗುತ್ತೆ, ತಲೆ ಮಾತ್ರ ಹಾಗೇ ಇರುತ್ತೆ. ಯಾಕೆ? (ಜಯನಗರ)

ನಡಿಗೆ ಮೈಗಾಯಿತು, ತಲೆಗೆ ಬಿಡುವೆಲ್ಲಿ? ಆಫೀಸಿನಲ್ಲಿ ಸವೆಯುವುದು ಹಟ ಹಿಡಿದು ಗಮನ ಕೊಡುವ ಶಕ್ತಿ. ಎಲೆ ಅಲುಗುವುದು, ನೀರಿನ ಮೇಲೆ ಬೆಳಕಾಡುವುದು ತಾವಾಗಿಯೇ ಕಣ್ಣು ಸೆಳೆಯುತ್ತವೆ, ಆ ಹೊತ್ತಿನಲ್ಲಿ ಈ ಶಕ್ತಿ ಚೇತರಿಸಿಕೊಳ್ಳುತ್ತದೆ ಎಂಬುದು ಅಮೆರಿಕದ ಮನಶ್ಶಾಸ್ತ್ರಜ್ಞರಾದ ರೇಚಲ್ ಮತ್ತು ಸ್ಟೀಫನ್ ಕಪ್ಲಾನ್ ಅವರ ವಾದ. ಪಾಡ್‌ಕಾಸ್ಟ್ ಕೇಳುತ್ತಾ, ಎದುರಿಗೆ ಬರುವವರನ್ನು ತಪ್ಪಿಸುತ್ತಾ ನಡೆದರೆ ಅದೇ ಶಕ್ತಿ ಮತ್ತೆ ಖರ್ಚು.

ನಡಿಗೆಯನ್ನು 25 ನಿಮಿಷಕ್ಕೆ ಇಳಿಸಿ, 20 ನಿಮಿಷ ಸುಮ್ಮನೆ ಕೂರಿ. ಬಂಡೆಯ ಮೇಲೆ ಬೇಡ, ಅಲ್ಲಿ ಸೆಲ್ಫಿ ಸಂತೆ. ಕೆರೆಯ ಕಡೆ, ಬೆನ್ನಿಗೆ ಮರವಿರುವ ಬೆಂಚು ಹುಡುಕಿ. ಹಿಂದೆ ಜನ ಓಡಾಡುತ್ತಿದ್ದರೆ ಮೈ ಎಚ್ಚರವಾಗಿಯೇ ಇರುತ್ತದೆ. ಫೋನ್ ಜೇಬಿನಲ್ಲಲ್ಲ, ಬ್ಯಾಗಿನಲ್ಲಿರಲಿ, ಸೈಲೆಂಟಾಗಿ. ಮೊದಲ ಐದಾರು ನಿಮಿಷ ಆಫೀಸೇ ನೆನಪಾಗುತ್ತದೆ. ಬಹಳ ಜನ ಅಲ್ಲೇ ಬೇಸತ್ತು ಏಳುವುದು. ರೆಕ್ಕೆ ಬಿಚ್ಚಿ ಒಣಗಿಸುತ್ತಿರುವ ನೀರುಕಾಗೆ ಕಂಡರೆ ಅದನ್ನೇ ನೋಡುತ್ತಿರಿ. ಸೊಳ್ಳೆ ಕಾಟಕ್ಕೆ ತುಂಬುತೋಳಿನ ಅಂಗಿ. ಜನವರಿ, ಆಗಸ್ಟ್‌ನ ಫಲಪುಷ್ಪ ಪ್ರದರ್ಶನದ ದಿನಗಳಲ್ಲಿ ಬಡಾವಣೆಯ ಪಾರ್ಕೇ ಮೇಲು.

ಇಂಗ್ಲೆಂಡಿನ ಸುಮಾರು 20,000 ಜನರ ಮೇಲಿನ 2019ರ ಅಧ್ಯಯನದಲ್ಲಿ, ವಾರಕ್ಕೆ 120 ನಿಮಿಷವಾದರೂ ಪ್ರಕೃತಿಯ ನಡುವೆ ಕಳೆದವರು ತಮ್ಮ ಆರೋಗ್ಯ, ನೆಮ್ಮದಿ ಚೆನ್ನಾಗಿದೆ ಎಂದದ್ದು ಹೆಚ್ಚು. ಒಂದೇ ದಿನವೋ, ಬಿಡಿಬಿಡಿಯಾಗಿಯೋ ಎಂಬುದು ಮುಖ್ಯವಾಗಲಿಲ್ಲ. ನಿಮಗೆ 20 ನಿಮಿಷದ ಆರು ದಿನ ಸಾಕಾಯಿತು.

ಅಮ್ಮನಿಗೆ ಆಪರೇಷನ್ ಆಗಿದೆ, ಹೊರಗೆ ಹೋಗಲಾಗದು. 4 ಅಡಿ ಬಾಲ್ಕನಿಯಲ್ಲಿ ಏನು ಮಾಡಬಹುದು? (ಮಾರತ್ತಹಳ್ಳಿ)

ಗಿಡ ತರುವ ಮುಂಚೆ ಮಂಚ ಸರಿಸಿ. ಪಿತ್ತಕೋಶದ ಆಪರೇಷನ್ ಆದವರಲ್ಲಿ ಕಿಟಕಿಯಿಂದ ಮರ ಕಂಡವರು, ಇಟ್ಟಿಗೆ ಗೋಡೆ ಕಂಡವರಿಗಿಂತ ಬೇಗ ಮನೆಗೆ ಹೋದರು, ಬಲವಾದ ನೋವಿನ ಔಷಧಿಯನ್ನೂ ಕಡಿಮೆ ತೆಗೆದುಕೊಂಡರು ಎಂದು ಅಮೆರಿಕದ ಸಂಶೋಧಕ ರೋಜರ್ ಉಲ್ರಿಚ್ 1984ರಲ್ಲೇ ತೋರಿಸಿದ್ದರು. ಅಮ್ಮ ಮಲಗಿದಲ್ಲಿಂದಲೇ ಬೀದಿಯ ಹೊಂಗೆಯೋ ಮಳೆಮರವೋ ಕಾಣಬೇಕು.

ಕುಂಡ ನಾಲ್ಕು ಸಾಕು: ತುಳಸಿ, ದೊಡ್ಡಪತ್ರೆ, ಮನಿ ಪ್ಲಾಂಟ್, ಬಿಸಿಲಿದ್ದರೆ ದಾಸವಾಳ. ಇಪ್ಪತ್ತಾದರೆ ಅದೇ ಇನ್ನೊಂದು ಚಾಕರಿ. ಬೆರಳನ್ನು ಒಂದು ಇಂಚು ಮಣ್ಣಿಗಿಳಿಸಿ, ಒಣಗಿದ್ದರೆ ಮಾತ್ರ ನೀರು. ಹೆಚ್ಚಾದರೆ ಬೇರು ಕೊಳೆಯುತ್ತದೆ. ತಟ್ಟೆಯ ನೀರು ಚೆಲ್ಲುತ್ತಿರಿ, ಡೆಂಗಿ ಸೊಳ್ಳೆಗೆ ಅಷ್ಟೇ ಸಾಕು. ಹಾರ್ನ್ ಸದ್ದನ್ನು ನಾಲ್ಕು ಕುಂಡ ತಡೆಯವು, ಹಿಂಬದಿಯ ಕಿಟಕಿ ಇದ್ದರೆ ಮಂಚವನ್ನು ಅಲ್ಲಿಗೇ ಬದಲಾಯಿಸಿ.

ಎರಡು ವಾರ ಕಳೆದರೂ ನಿದ್ದೆ ಇಲ್ಲ, ಯಾವುದರಲ್ಲೂ ಆಸಕ್ತಿ ಇಲ್ಲ ಎಂದಾದರೆ ಪಾರ್ಕೋ ಕುಂಡವೋ ಸಾಲದು. ವೈದ್ಯರನ್ನು ಕಾಣಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮನಸ್ 14416ಕ್ಕೆ ಯಾವ ಹೊತ್ತಿನಲ್ಲೂ ಕರೆ ಮಾಡಬಹುದು. ಉಚಿತ, ಕನ್ನಡದಲ್ಲೇ ಮಾತಾಡುತ್ತಾರೆ.