ನೀವು ಅತ್ತಿದ್ದು ತಪ್ಪಲ್ಲ

ಪ್ರಿಯ ಓದುಗರೇ,

ಶಿವಮೊಗ್ಗದಿಂದ ನೀವು ಬರೆದ ನಾಲ್ಕು ಪುಟದ ಕಾಗದ ತಲುಪಿತು. ಎರಡು ಸಲ ಓದಿದೆ. ಉಳಿದ ಓದುಗರಿಗಾಗಿ ಅದರಲ್ಲಿರುವುದನ್ನು ಚುಟುಕಾಗಿ ಹೇಳಿಬಿಡುತ್ತೇನೆ. ಹಿಂದಿನ ಸಂಚಿಕೆಯಲ್ಲಿ ಜರ್ಮನಿಯ ನಿರ್ದೇಶಕ ವಿಮ್ ವೆಂಡರ್ಸ್ 1987ರಲ್ಲಿ ಮಾಡಿದ ‘ವಿಂಗ್ಸ್ ಆಫ್ ಡಿಸೈರ್’ ಬಗ್ಗೆ ನಾವು ಬರೆದಿದ್ದೆವು. ಅದರ ಹಾಲಿವುಡ್ ರೀಮೇಕ್, ಅಂದರೆ 1998ರ ‘ಸಿಟಿ ಆಫ್ ಏಂಜಲ್ಸ್’ ಬಗ್ಗೆ ಇದ್ದದ್ದು ಒಂದೇ ಸಾಲು: ‘ಒಳ್ಳೆಯ ಸಿನಿಮಾವನ್ನು ಹಾಳು ಮಾಡಿದರು.’ ನೀವೂ ನಿಮ್ಮ ಮಗಳೂ ಕೂತು ಎರಡನ್ನೂ ನೋಡಿದಿರಿ. ಅಮೆರಿಕದ್ದು ನೋಡಿ ಇಬ್ಬರೂ ಅತ್ತಿರಿ. ಜರ್ಮನಿಯದು ಶುರುವಾಗಿ ಮುಕ್ಕಾಲು ಗಂಟೆಗೆ ಮಗಳು ನಿದ್ದೆಹೋದಳು. ‘ಅಳಿಸಿದ್ದು ಕೆಟ್ಟ ಸಿನಿಮಾ, ನಿದ್ದೆ ಬರಿಸಿದ್ದು ಶ್ರೇಷ್ಠ ಸಿನಿಮಾ, ಇದು ಯಾವ ನ್ಯಾಯ?’ ಅಂತ ಕೇಳಿದ್ದೀರಿ.

ಆ ಸಾಲು ಬರೆದವನು ನಾನೇ. ಕಾರಣ ಹೇಳದೆ ಹಾಗೆ ಬರೆಯಬಾರದಿತ್ತು, ಕ್ಷಮಿಸಿ. ಈಗ ಕಾರಣ ಹೇಳುತ್ತೇನೆ.

ಮೊದಲು ನಿಮ್ಮ ಕಣ್ಣೀರಿನ ಮಾತು. ಬ್ರಾಡ್ ಸಿಲ್ಬರ್ಲಿಂಗ್ ನಿರ್ದೇಶಿಸಿದ ಆ ರೀಮೇಕ್‌ನ ಶುರುವನ್ನೇ ನೆನಪು ಮಾಡಿಕೊಳ್ಳಿ. ಜ್ವರದಿಂದ ಪುಟ್ಟ ಹುಡುಗಿ ಸಾಯುತ್ತಾಳೆ. ಅವಳನ್ನು ಕರೆದೊಯ್ಯಲು ಬಂದ ದೇವದೂತ, ಅಂದರೆ ನಿಕೊಲಸ್ ಕೇಜ್, ನಿನಗೆ ಇಲ್ಲಿ ಎಲ್ಲಕ್ಕಿಂತ ಇಷ್ಟವಾಗಿದ್ದು ಏನು ಅಂತ ಕೇಳುತ್ತಾನೆ. ಅವಳು ‘ಪೈಜಾಮ’ ಅನ್ನುತ್ತಾಳೆ. ಮಕ್ಕಳನ್ನು ಹತ್ತಿರದಿಂದ ಬಲ್ಲವರು ಬರೆದ ಮಾತು ಅದು. ಹಾಗೇ ಪೇರ್ ಹಣ್ಣಿನ ದೃಶ್ಯ. ರುಚಿ ಅಂದರೇನು ಅಂತ ಗೊತ್ತಿಲ್ಲದವನು ಹಣ್ಣಿನ ರುಚಿ ಕೇಳುತ್ತಾನೆ. ಡಾಕ್ಟರ್ ಪಾತ್ರದ ಮೆಗ್ ರಯಾನ್, ನಾಲಿಗೆ ಮೇಲೆ ಕರಗುವ ಸಕ್ಕರೆಯ ಮರಳಿನ ಹಾಗೆ ಅಂತ ವಿವರಿಸುತ್ತಾಳೆ. ಬೆಳಗಿನ ಜಾವ ಕಡಲ ತೀರದಲ್ಲಿ ಕಪ್ಪು ಕೋಟಿನ ದೇವದೂತರೆಲ್ಲ ಸೂರ್ಯೋದಯವನ್ನು ಕೇಳಿಸಿಕೊಳ್ಳುತ್ತಾ ನಿಂತಿರುವ ದೃಶ್ಯವಂತೂ ನನಗೂ ಇಷ್ಟ. ಇದನ್ನೆಲ್ಲ ನೋಡಿ ಅತ್ತವರು ಮೋಸಹೋದವರಲ್ಲ.

ಇನ್ನು ಮಗಳ ನಿದ್ದೆ. ಮೂಲ ಚಿತ್ರದಲ್ಲಿ ದೇವದೂತರಿಗೆ ಊರಿನ ಜನರ ಮನಸ್ಸಿನ ಮಾತೆಲ್ಲ ಕೇಳಿಸುತ್ತದೆ. ಲೈಬ್ರರಿಯ ದೃಶ್ಯದಲ್ಲಿ ಎಷ್ಟೋ ಗುನುಗು ಒಟ್ಟಿಗೆ ಹರಿಯುತ್ತದೆ. ಜರ್ಮನ್ ಬಲ್ಲವರು ಅದರಲ್ಲಿ ಸುಮ್ನೆ ತೇಲಿಹೋಗಬಹುದು. ನಾವು ಕೆಳಗೆ ಓಡುವ ಇಂಗ್ಲಿಷ್ ಅಕ್ಷರ ಓದಬೇಕು, ಮೇಲೆ ಚಿತ್ರವನ್ನೂ ನೋಡಬೇಕು. ಸುಸ್ತಾಗುತ್ತದೆ. ಅದರಲ್ಲಿ ಮಗಳ ತಪ್ಪೇನಿಲ್ಲ.

ಹಾಗಾದರೆ ನನ್ನ ತಕರಾರು ಏನು? ಕಥೆ ಎರಡರಲ್ಲೂ ಒಂದೇ: ದೇವದೂತನಿಗೆ ಮನುಷ್ಯಳ ಮೇಲೆ ಮನಸ್ಸಾಗಿ, ಅವನು ಸಾವಿಲ್ಲದ ಬದುಕನ್ನು ಬಿಟ್ಟು ಬರುತ್ತಾನೆ. ನಮ್ಮ ಪುರಾಣಗಳಲ್ಲಿ ಗಂಧರ್ವರು ಶಾಪ ತಗುಲಿ ಭೂಮಿಗೆ ಬೀಳುತ್ತಾರೆ. ಇವನು ತಾನಾಗೇ ಇಳಿಯುತ್ತಾನೆ. ಆದರೆ ಎಲ್ಲಿಗೆ ಇಳಿಯುತ್ತಾನೆ ಅನ್ನುವುದು ಮುಖ್ಯ ಅಲ್ವಾ?

ವೆಂಡರ್ಸ್ ಹಲವು ವರ್ಷ ಅಮೆರಿಕದಲ್ಲಿದ್ದು ಜರ್ಮನಿಗೆ ಮರಳಿ ಮಾಡಿದ ಚಿತ್ರ ಇದು. ಇದರ ಜರ್ಮನ್ ಹೆಸರಿನ ಅರ್ಥ ‘ಬರ್ಲಿನ್ ಮೇಲಿನ ಆಕಾಶ’. ಆಗ ಊರಿನ ನಡುವೆ ಗೋಡೆಯಿತ್ತು, 1961ರಿಂದ. ಅದು ಬಿದ್ದಿದ್ದು 1989ರ ನವೆಂಬರ್‌ನಲ್ಲಿ, ಚಿತ್ರ ಬಂದು ಎರಡು ವರ್ಷದ ಮೇಲೆ. ನೆಲದ ಮೇಲೆ ಗೋಡೆ ಎಬ್ಬಿಸಿ ಊರನ್ನು ಸೀಳಬಹುದು, ಆಕಾಶವನ್ನು ಸೀಳಲಾಗದು. ದೇವದೂತರು ಬೇಕಾಗಿದ್ದೇ ಅದಕ್ಕೆ. ಆ ಊರಲ್ಲಿ ಎರಡೂ ಕಡೆ ತಡೆಯಿಲ್ಲದೆ ಓಡಾಡಬಲ್ಲವರು ಅವರು ಮಾತ್ರ.

ಚಿತ್ರದಲ್ಲಿ ಒಬ್ಬ ಮುದುಕ ಬರುತ್ತಾನೆ. ಪೋಟ್ಸ್‌ಡಾಮರ್ ಪ್ಲಾಟ್ಸ್ ಎಲ್ಲಿ ಅಂತ ಹುಡುಕುತ್ತಾನೆ. ಯುದ್ಧಕ್ಕೆ ಮುಂಚೆ ಅದು ಬರ್ಲಿನ್ನಿನ ಗಿಜಿಗುಡುವ ಸರ್ಕಲ್. ಅವನು ಅಲ್ಲೇ ನಿಂತಿದ್ದಾನೆ, ಆದರೆ ಸುತ್ತ ಕಾಣುವುದು ಹುಲ್ಲು, ಕೆಸರು, ಗೋಡೆ. ತಾನು ಕಾಫಿ ಕುಡಿಯುತ್ತಿದ್ದ ಅಂಗಡಿ ಇಲ್ಲೇ ಇರಬೇಕಿತ್ತಲ್ಲ ಅನ್ನುತ್ತಾನೆ. ಸಿಗುವವರೆಗೂ ಬಿಡುವುದಿಲ್ಲ ಅನ್ನುತ್ತಾನೆ. ಯಾರೋ ಬಿಸಾಡಿದ ಹಳೇ ಸೋಫಾ ಕುರ್ಚಿಯಲ್ಲಿ ಕೂತುಬಿಡುತ್ತಾನೆ. ಆ ಪಾತ್ರ ಮಾಡಿದ ಕುರ್ಟ್ ಬೋಯಿಸ್ ಬರ್ಲಿನ್ನಿನಲ್ಲೇ 1901ರಲ್ಲಿ ಹುಟ್ಟಿದ ಯಹೂದಿ. ನಾಜಿಗಳು ಬಂದಾಗ ದೇಶ ಬಿಟ್ಟು ಹೋಗಿ, 1950ರಲ್ಲಿ ವಾಪಸ್ ಬಂದವರು. ಕಳೆದುಹೋದ ತಮ್ಮ ಊರನ್ನೇ ಅವರು ಕ್ಯಾಮೆರಾ ಮುಂದೆ ಹುಡುಕುತ್ತಿದ್ದರು.

ರೀಮೇಕ್ ಕಥೆಯನ್ನು ಲಾಸ್ ಏಂಜಲಿಸ್‌ಗೆ ತಂದಿತು. ಊರ ಹೆಸರಿನ ಅರ್ಥವೇ ದೇವದೂತರು, ಹಾಗಾಗಿ ಶೀರ್ಷಿಕೆ ಚೆನ್ನಾಗಿ ಕೂತಿತು. ಆದರೆ ಆ ಊರಿಗೂ ಅದರದೇ ಗಾಯವಿತ್ತು. 1992ರ ದಂಗೆಯಲ್ಲಿ ಅಲ್ಲಿ 50ಕ್ಕೂ ಹೆಚ್ಚು ಜನ ಸತ್ತರು, ಬೀದಿಗೆ ಬೀದಿಯೇ ಉರಿಯಿತು. ಆರು ವರ್ಷದ ನಂತರ ಅದೇ ಊರಿನ ಜನರ ಮನಸ್ಸಿಗೆ ಕಿವಿಗೊಟ್ಟ ದೇವದೂತರ ಕಥೆಯಲ್ಲಿ ಆ ಬೆಂಕಿಯ ಸುಳಿವಿಲ್ಲ. ನನಗೆ ನೋವಾಗುವುದು ಇಲ್ಲಿ. ನಿಮ್ಮ ಕಡೆ ಅಗೆ ಕಿತ್ತು ನಾಟಿ ಮಾಡುವ ಮುಂಚೆ ಗದ್ದೆ ಹದ ಮಾಡುತ್ತಾರಲ್ಲ, ಆ ಕೆಲಸ ಇವರು ಮಾಡಲಿಲ್ಲ. ಸಸಿ ಚೆನ್ನಾಗಿತ್ತು, ಒಯ್ದು ನೆಟ್ಟರು.

ರೀಮೇಕ್ ಅಂದ ಕೂಡಲೇ ನಾವು ಕನ್ನಡದವರು ಮುಖ ಸಿಂಡರಿಸುತ್ತೇವೆ. ನನಗೆ ಆ ಸಿಟ್ಟಿಲ್ಲ. ಕಥೆ ಊರಿಂದೂರಿಗೆ ಹೋಗಬೇಕು, ಹೋಗಲಿ. ಹೋದ ಊರಿನದಾಗಲಿ ಅನ್ನುವುದಷ್ಟೇ ಆಸೆ.

ಈಗ ಕಾಫಿ ದೃಶ್ಯ. ನಿಮ್ಮ ಮಗಳು ನಿದ್ದೆಹೋದ ಮೇಲೆ ಬರುತ್ತದೆ. ಟಿವಿಯಲ್ಲಿ ಪತ್ತೇದಾರನಾಗಿ ಹೆಸರು ಮಾಡಿದ ಪೀಟರ್ ಫಾಕ್ ಇಲ್ಲಿ ಪೀಟರ್ ಫಾಕ್ ಆಗಿಯೇ ಬರುತ್ತಾನೆ. ಚಳಿ. ರಸ್ತೆಬದಿಯ ಪುಟ್ಟ ಕಾಫಿ ಗೂಡಂಗಡಿ. ದೇವದೂತ ದಾಮಿಯೆಲ್, ಅಂದರೆ ಬ್ರೂನೋ ಗಾಂಜ್, ಪಕ್ಕಕ್ಕೆ ಬಂದು ನಿಲ್ಲುತ್ತಾನೆ. ಫಾಕ್‌ಗೆ ಅವನು ಕಾಣಿಸುವುದಿಲ್ಲ, ಆದರೆ ಅಲ್ಲಿದ್ದಾನೆ ಅಂತ ಗೊತ್ತು. ಖಾಲಿ ಗಾಳಿಯ ಕಡೆ ತಿರುಗಿ ಮಾತಾಡುತ್ತಾನೆ. ಸಿಗರೇಟು, ಜೊತೆಗೆ ಕಾಫಿ, ಎರಡೂ ಒಟ್ಟಿಗಿದ್ದರೆ ಎಷ್ಟು ಚೆಂದ ಅನ್ನುತ್ತಾನೆ. ಕೈ ತಣ್ಣಗಾದಾಗ ಹೀಗೆ ಉಜ್ಜಿಕೊಳ್ಳಬೇಕು ಅಂತ ಉಜ್ಜಿ ತೋರಿಸುತ್ತಾನೆ. ಆಮೇಲೆ ಕಾಣದವನ ಕಡೆ ಕೈ ಚಾಚುತ್ತಾನೆ. ಫಾಕ್ ಕೂಡ ಒಂದು ಕಾಲಕ್ಕೆ ದೇವದೂತನಾಗಿದ್ದವನು.

ದಾಮಿಯೆಲ್ ಮನುಷ್ಯನಾದಾಗ ಕಪ್ಪುಬಿಳುಪಿನ ಚಿತ್ರಕ್ಕೆ ಬಣ್ಣ ಬರುತ್ತದೆ. ತಲೆ ಮೇಲೆ ಅವನ ಕವಚ ಬಿದ್ದು ರಕ್ತ ಬರುತ್ತದೆ. ನೆಕ್ಕಿ ನೋಡುತ್ತಾನೆ. ದಾರಿಹೋಕನನ್ನು ನಿಲ್ಲಿಸಿ, ಗೋಡೆಯ ಚಿತ್ರ ತೋರಿಸಿ ಇದು ಯಾವ ಬಣ್ಣ, ಅದು ಯಾವುದು ಅಂತ ಕೇಳುತ್ತಾನೆ. ಆ ಪುಣ್ಯಾತ್ಮ ಕಾಫಿಗೆ ಚಿಲ್ಲರೆ ಕೊಟ್ಟು ಹೋಗುತ್ತಾನೆ. ದಾಮಿಯೆಲ್ ಕಾಫಿ ಕುಡಿಯುತ್ತಾನೆ, ಕೈ ಉಜ್ಜಿಕೊಳ್ಳುತ್ತಾನೆ.

ನಾನು ಇದನ್ನು ಮೊದಲು ನೋಡಿದ್ದು ಬೆಂಗಳೂರಿನ ಒಂದು ಫಿಲಂ ಸೊಸೈಟಿಯಲ್ಲಿ. ಡಿಸೆಂಬರ್ ರಾತ್ರಿ. ಹೊರಗೆ ಬಂದು ಗಾಡಿಯಲ್ಲಿ ಕಾಫಿ ತಗೊಂಡೆ. ಲೋಟ ಸುಡುತ್ತಿತ್ತು. ಕೆಳಗಿಡಲು ಮನಸ್ಸಾಗಲಿಲ್ಲ, ಎರಡೂ ಕೈಯಲ್ಲಿ ಹಿಡಿದುಕೊಂಡೇ ನಿಂತಿದ್ದೆ. ಸುಡುವುದು ಕೂಡ ಭಾಗ್ಯ ಅಂತ ಅವತ್ತು ಅನ್ನಿಸಿತು.

ಕೊನೆಗೆ ನೀವು ಅತ್ತ ಜಾಗ. ರೀಮೇಕ್‌ನಲ್ಲಿ ಒಂದೇ ರಾತ್ರಿಯ ಸುಖದ ಮರುದಿನ ಆ ಡಾಕ್ಟರ್ ಸೈಕಲ್ ಮೇಲೆ ಕೈ ಚಾಚಿ, ಕಣ್ಣು ಮುಚ್ಚಿ ಬರುತ್ತಿರುವಾಗ ಮರದ ದಿಮ್ಮಿಯ ಲಾರಿಗೆ ಸಿಕ್ಕಿಬಿಡುತ್ತಾಳೆ. ಅದು ಕರುಳು ಹಿಂಡುತ್ತದೆ, ನಿಜ. ಬರ್ಲಿನ್ನಿನ ಚಿತ್ರ ಸಾವಿನಲ್ಲಿ ಮುಗಿಯುವುದಿಲ್ಲ. ದೇವದೂತ ಮನಸೋತ ಸರ್ಕಸ್‌ನ ಹುಡುಗಿ ಮರಿಯೋನ್ ಹಗ್ಗದ ಮೇಲೆ ಅಭ್ಯಾಸ ಮಾಡುತ್ತಾಳೆ. ಕೆಳಗೆ ದಾಮಿಯೆಲ್ ಆ ಹಗ್ಗ ಹಿಡಿದು ನಿಂತಿರುತ್ತಾನೆ. ಅಷ್ಟೇ. ಯಾವ ದೇವದೂತನಿಗೂ ಗೊತ್ತಿಲ್ಲದ್ದು ಈಗ ನನಗೆ ಗೊತ್ತು ಅಂತ ಬರೆದುಕೊಳ್ಳುತ್ತಾನೆ. ಪ್ರೀತಿಸಿದವಳು ಸತ್ತಾಗ ಅಳುವುದು ನಮಗೆ ಗೊತ್ತು. ಬದುಕಿರುವವಳಿಗಾಗಿ ದಿನಾ ಹಗ್ಗ ಹಿಡಿದು ನಿಲ್ಲುವುದನ್ನು ತೋರಿಸಲು ಜಾಸ್ತಿ ಧೈರ್ಯ ಬೇಕು ಅಂತ ನನ್ನ ನಂಬಿಕೆ.

ಮಗಳಿಗೆ ಹೇಳಿ, ಇಡೀ ಸಿನಿಮಾ ನೋಡಬೇಕಾಗಿಲ್ಲ. ಕಾಫಿ ಗೂಡಂಗಡಿಯಿಂದ ಶುರುಮಾಡಲಿ, ಅಕ್ಷರ ಓದುವುದನ್ನು ಬಿಟ್ಟು ಫಾಕ್‌ನ ಕೈಗಳನ್ನೇ ನೋಡಲಿ. ಆಮೇಲೂ ನಿದ್ದೆ ಬಂದರೆ ದಯವಿಟ್ಟು ಅವಳೇ ನನಗೊಂದು ಕಾಗದ ಬರೆಯಲಿ. ಪೂರ್ತಿ ಅಚ್ಚು ಮಾಡುತ್ತೇನೆ.

ನಿಮ್ಮ,
ಸಂಪಾದಕ